ಕಾಲಜ್ಞಾನವೂ ಅದರ ಟೀಕಾಕಾರರೂ

ಲೋಕ ಮುಳುಗುತ್ತದೆಂಬ ಮಾತು ನಮ್ಮ ಸೀಮೆಗೆ ಹೊಸದಲ್ಲ. ಬಾಗಲಕೋಟೆಯ ಪೇಟೆಯಲ್ಲಾಗಲಿ, ಬಾದಾಮಿಯ ಸಂತೆಯಲ್ಲಾಗಲಿ, ಇಳಕಲ್ಲಿನ ಮಗ್ಗದ ಮನೆಯಲ್ಲಾಗಲಿ ಕಾಲಜ್ಞಾನದ ಸುದ್ದಿ ಹೊರಟಿತೆಂದರೆ ಜನ ಹತ್ತಿರ ಸರಿದು ಕೂಡುತ್ತಾರೆ. ಅದು ನಿಜವೋ ಸುಳ್ಳೋ ಎಂಬ ವಾದ ಬಹಳ ಹಳೆಯದು. ಅದಕ್ಕಿಂತ ಮೊದಲು ಕೇಳಬೇಕಾದ ಪ್ರಶ್ನೆ ಬೇರೊಂದುಂಟು: ಆ ಮಾತಿಗೆ ಅರ್ಥ ಹಚ್ಚುವವರು ಯಾರು, ಹೇಗೆ ಹಚ್ಚುತ್ತಾರೆ?

ಕನ್ನಡದಲ್ಲಿ ಕಾಲಜ್ಞಾನದ ಸಾಹಿತ್ಯ ಸಣ್ಣದಲ್ಲ. ಚೆನ್ನಬಸವಣ್ಣ, ಸರ್ವಜ್ಞ ಮೊದಲಾದವರ ಹೆಸರಿನಲ್ಲಿ ಕಾಲಜ್ಞಾನಗಳಿವೆ. ಕೃಷ್ಣೆಯ ಆಚೆಯ ಸುರಪುರ ನಾಡಿನಲ್ಲಿ ಕೊಡೇಕಲ್ಲ ಬಸವಣ್ಣನವರದು ದೊಡ್ಡ ಪರಂಪರೆ; ಅದರ ಕೆಲವು ಬರಹಗಳು ಅಮರಗನ್ನಡವೆಂಬ ಗೂಢಲಿಪಿಯಲ್ಲಿವೆ. ವಿಜಯಪುರ ಜಿಲ್ಲೆಯ ಬಬಲಾದಿ ಮಠದಲ್ಲಿ ಶಿವರಾತ್ರಿಯ ಸುಮಾರಿನ ಜಾತ್ರೆಯಲ್ಲಿ ವರ್ಷದ ಭವಿಷ್ಯವನ್ನು ಹೇಳುವ ರೂಢಿಯಿದೆ. ಹೂವಿನಹಡಗಲಿ ತಾಲೂಕಿನ ಮೈಲಾರದಲ್ಲಿ ಭಾರತ ಹುಣ್ಣಿಮೆಯ ಜಾತ್ರೆಗೆ ಗೊರವಯ್ಯ ಬಿಲ್ಲನ್ನೇರಿ, "ಸದ್ದಲೇ" ಎಂದು ಜನಸಾಗರವನ್ನು ಸುಮ್ಮನಾಗಿಸಿ, ಒಂದೇ ಒಂದು ವಾಕ್ಯವನ್ನು ನುಡಿದು ಕೆಳಕ್ಕೆ ಬೀಳುತ್ತಾನೆ. ಅದೇ ಕಾರಣಿಕ. ಅವನು ನುಡಿಯುವುದು ಒಂದು ಸಾಲು. ಸಂಜೆಯೊಳಗೆ ಅದಕ್ಕೆ ಹುಟ್ಟುವ ಟೀಕೆಗಳು ನೂರು.

ಇದು ಹೇಗೆ ಆಗುತ್ತದೆಂಬುದನ್ನು ವ್ಯಾಕರಣದಿಂದಲೇ ನೋಡೋಣ. ಯಾವ ಮಠದ ಮಾತನ್ನೂ ತೆಗೆದುಕೊಳ್ಳದೆ, ಉದಾಹರಣೆಗೆಂದು ನಾನೇ ಒಂದು ವಾಕ್ಯ ಕಟ್ಟುತ್ತೇನೆ: "ಏರಿ ಹರಿದೀತು, ಊರು ಏರೀತು." ನಾಲ್ಕೇ ಪದ. "ಏರಿ" ಎಂಬುದು ನಾಮಪದವಾದರೆ ಕೆರೆಯ ಒಡ್ಡು. ಕ್ರಿಯೆಯಿಂದ ಬಂದುದಾದರೆ ಮೇಲಕ್ಕೆ ಹೋಗಿ ಎಂದರ್ಥ. "ಹರಿ" ಎಂದರೆ ನೀರು ಹರಿಯುವುದೂ ಹೌದು, ನೂಲು ಹರಿಯುವುದೂ ಹೌದು. "ಊರು" ಕರ್ತೃವಾದರೆ ಊರೇ ಮೇಲಕ್ಕೆ ಏರುತ್ತದೆ. "ಊರು ಸೇರಿದೆವು" ಎನ್ನುವಾಗಿನಂತೆ ಪ್ರತ್ಯಯ ಬಿಟ್ಟ ಕರ್ಮವಾದರೆ ಊರನ್ನು ಮತ್ತೇನೋ ಏರುತ್ತದೆ. ಇನ್ನು "ಹರಿದೀತು", "ಏರೀತು" ಎಂಬವು ಭವಿಷ್ಯತ್ಕಾಲದ ರೂಪಗಳೇ ಅಲ್ಲ, ಸಂಭಾವನಾರೂಪಗಳು. ಆಗುತ್ತದೆ ಎಂದು ಅವು ಹೇಳುವುದಿಲ್ಲ. ಆದರೂ ಆಗಬಹುದು ಎನ್ನುತ್ತವೆ, ಅಷ್ಟೆ.

ಈಗ ಟೀಕಾಕಾರರು ಬರಲಿ. ಮಲಪ್ರಭೆಯ ದಂಡೆಯ ಬಾದಾಮಿಯ ರೈತನು, ಒಡ್ಡು ಒಡೆದು ನೀರು ಊರನ್ನೇರುತ್ತದೆ ಎನ್ನುತ್ತಾನೆ. ಇಳಕಲ್ಲಿನ ನೇಕಾರನು, ಧಾರಣೆ ಏರಿ ಮಗ್ಗದ ಎಳೆ ಹರಿಯುತ್ತದೆ ಎನ್ನುತ್ತಾನೆ. ಬಾಗಲಕೋಟೆಯ ವ್ಯಾಪಾರಸ್ಥನು, ನೀರು ಹರಿದು ಬಂದು ಊರು ಏಳಿಗೆಯಾಗುತ್ತದೆ ಎನ್ನುತ್ತಾನೆ. ಚುನಾವಣೆಗೆ ನಿಂತವನ ಟೀಕೆಯನ್ನು ನೀವೇ ಊಹಿಸಿಕೊಳ್ಳಬಹುದು. ಯಾರೂ ಸುಳ್ಳಾಡಲಿಲ್ಲ. ವಾಕ್ಯದಲ್ಲಿ ಬಿಟ್ಟಿದ್ದ ಜಾಗದಲ್ಲಿ ಪ್ರತಿಯೊಬ್ಬನೂ ತನ್ನ ಚಿಂತೆಯನ್ನು ಇಟ್ಟನು. 2009ರ ಅಥವಾ 2019ರ ಪ್ರವಾಹ ಬಂದರೆ ರೈತನ ಅರ್ಥ ಗೆದ್ದಿತು. ಆಲಮಟ್ಟಿಯ ಹಿನ್ನೀರಿಗೆ ಹಳೆಯ ಬಾಗಲಕೋಟೆಯ ಓಣಿಗಳು ಮುಳುಗಿ ಜನ ಎತ್ತರದ ನವನಗರಕ್ಕೆ ಹೋದರೆ, ಯಾರೂ ನೆನೆಯದ ಐದನೆಯ ಅರ್ಥ ಹುಟ್ಟಿತು: ಊರೇ ಏರಿತಲ್ಲ! ಆದರೆ ಇದನ್ನು ಮೊದಲೇ ಹೇಳಿದವರು ಯಾರು?

ಕಾಲದ ವಿಷಯವೂ ಹೀಗೆಯೇ. ಸಂವತ್ಸರದ ಹೆಸರಿನಿಂದ ಕಾಲ ಹೇಳಿದರೆ, ಆ ಹೆಸರು 60 ವರ್ಷಕ್ಕೊಮ್ಮೆ ತಿರುಗಿ ಬರುತ್ತದೆ. 1565ರ ಜನವರಿಯಲ್ಲಿ ಕೃಷ್ಣಾತೀರದ ರಕ್ಕಸಗಿ-ತಂಗಡಗಿಯ ಯುದ್ಧದಲ್ಲಿ ವಿಜಯನಗರ ಸೋತಾಗ ನಡೆದಿದ್ದುದು ರಕ್ತಾಕ್ಷಿ ಸಂವತ್ಸರ. ಇಂದಿರಾ ಗಾಂಧಿಯವರ ಹತ್ಯೆಯಾದ 1984ರಲ್ಲಿ ಇದ್ದುದೂ ರಕ್ತಾಕ್ಷಿಯೇ. ನಡುವೆ ರಕ್ತಾಕ್ಷಿ ಆರು ಸಲ ಬಂದು ಹೋಯಿತು. ಆ ಆರನ್ನು ಯಾರೂ ಎಣಿಸುವುದಿಲ್ಲ.

1962ರ ಅಷ್ಟಗ್ರಹ ಕೂಟದಲ್ಲಿ ಮಾತ್ರ ದಿನ ಸ್ಪಷ್ಟವಾಗಿತ್ತು. ಫೆಬ್ರವರಿ 3ರಿಂದ 5ರವರೆಗೆ ಮಕರರಾಶಿಯಲ್ಲಿ ಗ್ರಹಗಳು ಕೂಡಿದಾಗ ಪ್ರಳಯವೆಂದು ದೇಶದ ತುಂಬ ಹೋಮಹವನಗಳು ನಡೆದವು. 6ನೆಯ ತಾರೀಖು ಎಂದಿನಂತೆ ಬೆಳಗಾಯಿತು. ಆಗಲೂ ಟೀಕಾಕಾರರು ಸೋಲಲಿಲ್ಲ. ಹೋಮದಿಂದ ಉಳಿದೆವೆಂದರು ಕೆಲವರು; ಅಕ್ಟೋಬರಿನಲ್ಲಿ ಚೀನಾ ಯುದ್ಧ ಬಂದಾಗ ಇದೇ ಆ ಫಲವೆಂದರು ಇನ್ನು ಕೆಲವರು.

ಹಾಗಾದರೆ ಕಾಲಜ್ಞಾನವೆಲ್ಲ ಹುರುಳಿಲ್ಲದ್ದೆ? ನಾನು ಹಾಗೆ ಹೇಳಲಾರೆ. ವೀರವಸಂತರಾಯನೆಂಬ ಅರಸನು ಬರುವನು, ನಾಡನ್ನು ಮತ್ತೆ ನಿಲ್ಲಿಸುವನು ಎಂಬ ನಂಬಿಗೆ ಕಾಲಜ್ಞಾನಗಳಲ್ಲಿ ಮತ್ತೆ ಮತ್ತೆ ಬರುತ್ತದೆ. ಅರಸೊತ್ತಿಗೆ ಬಿದ್ದು, ಊರು ಸುಲಿಗೆಯಾದ ಜನಕ್ಕೆ ಆ ಹೆಸರು ಎಷ್ಟು ಧೈರ್ಯ ಕೊಟ್ಟಿದ್ದೀತು! ಬರುವ ಕಾಲವನ್ನು ತಿಳಿಯಲಿಕ್ಕಲ್ಲ, ಬರೆದ ಕಾಲದ ಅಂಜಿಕೆಯನ್ನೂ ಆಸೆಯನ್ನೂ ತಿಳಿಯಲಿಕ್ಕೆ ಕಾಲಜ್ಞಾನವನ್ನು ಓದಿದರೆ ಅದು ಒಳ್ಳೆಯ ಸಾಹಿತ್ಯ.

ಅಪಾಯವಿರುವುದು ಬೇರೆ ಕಡೆಗೆ. ಆಲಮಟ್ಟಿಯಲ್ಲಿ ಈವರೆಗೆ ನೀರು ನಿಲ್ಲಿಸಿದ್ದು 519.6 ಮೀಟರಿನವರೆಗೆ. ಎರಡನೆಯ ಕೃಷ್ಣಾ ನ್ಯಾಯಮಂಡಳಿಯು 2010ರಲ್ಲಿ 524.256 ಮೀಟರಿಗೆ ಒಪ್ಪಿಗೆ ಕೊಟ್ಟಿತು. ಇದೂ ಒಂದು ಮುಳುಗಡೆಯ ಭವಿಷ್ಯವೇ. ಆದರೆ ಇದರಲ್ಲಿ ಅಂಕಿಯಿದೆ. ನಿಮ್ಮ ಹೊಲ ಯಾವ ಮಟ್ಟದಲ್ಲಿದೆ, ನೋಟೀಸಿನಲ್ಲಿ ಸರ್ವೆ ನಂಬರು ಸರಿಯಾಗಿದೆಯೇ, ಪರಿಹಾರವೆಷ್ಟು ಎಂದು ಕೇಳಬಹುದು, ತಕರಾರು ಹಾಕಬಹುದು, ತಪ್ಪಿದರೆ ಕೋರ್ಟಿಗೆ ಹೋಗಬಹುದು. ದೈವದ ಮಾತಿನ ಮೇಲೆ ತಕರಾರು ಹಾಕುವುದು ಯಾವ ಕಚೇರಿಯಲ್ಲಿ? "ಮುಳುಗುವುದು ಹಣೆಬರಹದಲ್ಲೇ ಇತ್ತು" ಎಂದುಕೊಂಡವನು ನೋಟೀಸು ಓದದೆ ಮಡಿಚಿಡುತ್ತಾನೆ, ಅವಧಿ ಮೀರಿದ ಮೇಲೆ ಅಳುತ್ತಾನೆ.

ನಮ್ಮ ಹುನಗುಂದ ಸೀಮೆಯ ಕೂಡಲಸಂಗಮದಲ್ಲಿ ಐಕ್ಯರಾದ ಬಸವಣ್ಣನವರು ಲಗ್ನ, ತಾರಾಬಲಗಳ ಅಂಜಿಕೆಯನ್ನು ಎಂಟು ನೂರು ವರ್ಷಗಳ ಹಿಂದೆಯೇ ಬದಿಗಿರಿಸಿದರು. ಅಷ್ಟು ಧೈರ್ಯ ಎಲ್ಲರಿಗೂ ಒಮ್ಮೆಲೇ ಬಾರದು. ಆದುದರಿಂದ ಒಂದು ಸುಲಭದ ಕೆಲಸ ಹೇಳುತ್ತೇನೆ. ಮುಂದಿನ ಸಲ ಕಾರಣಿಕವನ್ನು ಕೇಳಿದ ದಿನವೇ, ಆ ವಾಕ್ಯವನ್ನೂ ನಿಮ್ಮ ಓಣಿಯಲ್ಲಿ ಅದಕ್ಕೆ ಯಾರು ಯಾವ ಅರ್ಥ ಹೇಳಿದರೆಂಬುದನ್ನೂ ಗೋಡೆಯ ಕ್ಯಾಲೆಂಡರಿನ ಹಿಂದೆ ಬರೆದಿಡಿರಿ. ತಾರೀಖು ಹಾಕಲು ಮರೆಯಬೇಡಿರಿ. ಮರುವರ್ಷ ಭಾರತ ಹುಣ್ಣಿಮೆಗೆ ಅದನ್ನು ತೆಗೆದು, ಶಾಲೆಗೆ ಹೋಗುವ ಮಕ್ಕಳ ಕೈಯಿಂದ ಎಲ್ಲರ ಎದುರಿಗೆ ಓದಿಸಿರಿ.