ಆಗದೆ ಉಳಿದ ಜಿಲ್ಲೆ



ಹುಣಸೂರಿನಲ್ಲಿ ಉಪವಿಭಾಗಾಧಿಕಾರಿ ಕಚೇರಿ ಇದೆ. ಜನ ಕರೆಯುವುದು ಎ.ಸಿ. ಆಫೀಸು ಅಂತ. ಹುಣಸೂರು, ಪಿರಿಯಾಪಟ್ಟಣ, ಕೆ.ಆರ್. ನಗರ, ಎಚ್.ಡಿ. ಕೋಟೆ, ಇವುಗಳಿಂದ ಈಚೆಗೆ ಒಡೆದು ಬಂದ ಸರಗೂರು, ಸಾಲಿಗ್ರಾಮ, ಎಲ್ಲ ಕಡೆಯ ಜಮೀನಿನ ತಕರಾರೂ ಬರುವುದು ಅಲ್ಲಿಗೆ. ಅದಕ್ಕೂ ಮೇಲೆ ಹೋಗಬೇಕಾದರೆ ಡಿ.ಸಿ. ಇರುವುದು ಮೈಸೂರಿನಲ್ಲಿ. ಹುಣಸೂರು ಪೇಟೆಯವರಿಗೆ ಅದು ಸುಮಾರು 45 ಕಿಲೋಮೀಟರ್ ದಾರಿ, ಬೆಳಿಗ್ಗೆ ಹೋಗಿ ಮಧ್ಯಾಹ್ನಕ್ಕೆ ವಾಪಸಾಗಬಹುದು. ಕೇರಳದ ಗಡಿಗೆ ಅಂಟಿಕೊಂಡಿರುವ ಡಿ.ಬಿ. ಕುಪ್ಪೆಯವರಿಗೆ ಇಡೀ ದಿನ ಅದಕ್ಕೇ ಹೋಗುತ್ತದೆ, ಅದೂ ಸಾಹೇಬರು ಕಚೇರಿಯಲ್ಲಿ ಸಿಕ್ಕರೆ.

2019ರ ಅಕ್ಟೋಬರ್‌ನಲ್ಲಿ ಹುಣಸೂರಿನ ಮಾಜಿ ಶಾಸಕ ಎಚ್. ವಿಶ್ವನಾಥ್ ಅವರು ಈ ಆರು ತಾಲ್ಲೂಕುಗಳನ್ನು ಸೇರಿಸಿ ದೇವರಾಜ ಅರಸರ ಹೆಸರಿನಲ್ಲಿ ಒಂದು ಜಿಲ್ಲೆ ಮಾಡಬೇಕು, ಹುಣಸೂರು ಅದರ ಕೇಂದ್ರವಾಗಬೇಕು ಎಂದರು. ಆ ಕ್ಷೇತ್ರದ ಉಪಚುನಾವಣೆ ಹೊಸ್ತಿಲಲ್ಲಿತ್ತು. ಆ ಮಾತು ಏನಾಯಿತು ಎನ್ನುವುದಕ್ಕೆ ಮೊದಲು, ಈ ಸೀಮೆಯವರು ಆಳುವವರನ್ನು ಲೆಕ್ಕ ಕೇಳುತ್ತ ಬಂದದ್ದು ಹೇಗೆ ಎಂದು ಸ್ವಲ್ಪ ಹಿಂದೆ ಹೋಗಿ ನೋಡೋಣ.

ಇಲ್ಲಿ ಕೇಳುವ ಪದ್ಧತಿ ಓಟಿಗಿಂತ ಹಳೆಯದು. ದಿವಾನ್ ರಂಗಾಚಾರ್ಲು ಅವರು 1881ರ ದಸರಾ ಸಮಯದಲ್ಲಿ ಮೈಸೂರಿನಲ್ಲಿ ಪ್ರಜಾಪ್ರತಿನಿಧಿ ಸಭೆ ಸೇರಿಸಿದರು. ತಾಲ್ಲೂಕುಗಳಿಂದ ರೈತರು, ವರ್ತಕರು ಎಲ್ಲ ಸೇರಿ 144 ಮಂದಿ. ಅವರು ನೇಮಕಗೊಂಡು ಬಂದವರೇ ಹೊರತು ಗೆದ್ದು ಬಂದವರಲ್ಲ, ಚುನಾವಣೆಯ ಹಕ್ಕು ಬಂದದ್ದು ಹತ್ತು ವರ್ಷ ತಡವಾಗಿ. ಸಭೆಗೆ ಅಧಿಕಾರವೂ ಇರಲಿಲ್ಲ. ದಿವಾನರು ಎದ್ದು ಆ ವರ್ಷ ಸರ್ಕಾರ ಮಾಡಿದ್ದೇನು, ಖರ್ಚಾದದ್ದೆಷ್ಟು ಎಂದು ಓದುತ್ತಿದ್ದರು, ಪ್ರತಿನಿಧಿಗಳು ತಮ್ಮ ತಾಲ್ಲೂಕಿನ ಕೆರೆ, ರಸ್ತೆ, ಕಂದಾಯದ ಅಹವಾಲು ಹೇಳುತ್ತಿದ್ದರು. ಕಾಯಿದೆಬದ್ಧ ಅಧಿಕಾರ ಅಷ್ಟಿಷ್ಟು ಸಿಕ್ಕಿದ್ದು 1923ರಲ್ಲಿ. ಹಲ್ಲಿಲ್ಲದ ಸಭೆ ಎಂದು ನಗಬಹುದು. ಆದರೆ ವರ್ಷಕ್ಕೊಮ್ಮೆ, ಹೇಳಿದ ದಿನಕ್ಕೆ, ಅಧಿಕಾರದಲ್ಲಿದ್ದವನು ಎದುರು ನಿಂತು ವರದಿ ಒಪ್ಪಿಸುವುದು ಸಣ್ಣ ಮಾತಾಗಿರಲಿಲ್ಲ. ನಮ್ಮ ಶಾಸಕರಲ್ಲಿ ಎಷ್ಟು ಜನ ಹಾಗೆ ವರ್ಷಕ್ಕೊಮ್ಮೆ ಸಂತೆ ಮೈದಾನದಲ್ಲಿ ನಿಲ್ಲುತ್ತಾರೆ ಎಂದು ನಾನು ಇಲ್ಲಿ ಕೇಳುವುದಿಲ್ಲ.

ವಯಸ್ಕ ಮತದಾನ ಬಂದ ಮೇಲೆ, 1952ರ ಮೊದಲ ಚುನಾವಣೆಯಲ್ಲಿ ಹುಣಸೂರಿನಿಂದ ಗೆದ್ದವರು ಕಲ್ಲಹಳ್ಳಿಯ ದೇವರಾಜ ಅರಸು. ಇಪ್ಪತ್ತು ವರ್ಷದ ನಂತರ, 1972ರಲ್ಲಿ, ಮುಖ್ಯಮಂತ್ರಿಯಾದರು. ಉಳುವವನಿಗೆ ಭೂಮಿ ಎಂಬ ಮಾತು ಅದಕ್ಕೂ ಬಹಳ ಹಿಂದಿನಿಂದ ಎಲ್ಲರ ಭಾಷಣದಲ್ಲೂ ಇತ್ತು. ಅರಸರ ಕಾಲದಲ್ಲಿ, ಭೂಸುಧಾರಣೆ ಕಾಯಿದೆಯ 1974ರ ತಿದ್ದುಪಡಿಯಲ್ಲಿ, ಆ ಮಾತಿಗೆ ಒಂದು ಫಾರಂ ಬಂತು. ಗೇಣಿದಾರ ಏಳನೇ ನಂಬರ್ ಫಾರಂ ತುಂಬಿ ಕೊಡಬೇಕು, ಎ.ಸಿ. ಅಧ್ಯಕ್ಷತೆಯ ಭೂ ನ್ಯಾಯಮಂಡಳಿ ವಿಚಾರಣೆ ಮಾಡಬೇಕು, ವಕೀಲರಿಗೆ ಅಲ್ಲಿ ಪ್ರವೇಶವಿಲ್ಲ. ಮಂಡಳಿಗಳಲ್ಲಿ ಪಕ್ಷಪಾತವೂ ನಡೆಯಿತು, ಕೇಸುಗಳು ದಶಕಗಟ್ಟಲೆ ಎಳೆದವು. ಆದರೂ ಕೊಟ್ಟ ಮಾತು ನಡೆಯಿತೋ ಇಲ್ಲವೋ ಎಂದು ರೈತ ತನ್ನ ಪಹಣಿ ಹಿಡಿದು ನೋಡಿ ಹೇಳಬಹುದಾಗಿತ್ತು. ಚುನಾವಣೆಯ ಭರವಸೆಗಳಲ್ಲಿ ಇಂಥವು ತೀರ ಕಡಿಮೆ.

ಅದಕ್ಕೆ ಸಿಕ್ಕ ಪ್ರತಿಫಲವನ್ನೂ ನೋಡಿ. ಇಂದಿರಾ ಗಾಂಧಿಯವರಿಂದ ಬೇರೆಯಾದ ಅರಸರ ಪಕ್ಷಕ್ಕೆ 1980ರ ಲೋಕಸಭಾ ಚುನಾವಣೆಯಲ್ಲಿ ಕರ್ನಾಟಕದಲ್ಲಿ ಒಂದು ಸೀಟೂ ಬರಲಿಲ್ಲ. 28ರಲ್ಲಿ 27 ಇಂದಿರಾ ಕಾಂಗ್ರೆಸ್ಸಿಗೆ ಹೋದವು. ಮಾತು ಉಳಿಸಿಕೊಂಡವನಿಗೇ ಓಟು ಎಂದು ನಾವು ಹೇಳಿಕೊಳ್ಳುವುದೆಲ್ಲ ಅಷ್ಟು ಸರಳವಲ್ಲ.

ಈಗ 2019ಕ್ಕೆ ಬರೋಣ. ವಿಶ್ವನಾಥ್ ಹೊರಗಿನವರೇನಲ್ಲ. ಕೆ.ಆರ್. ನಗರದಿಂದ ಶಾಸಕರಾಗಿ, ಎಸ್.ಎಂ. ಕೃಷ್ಣ ಸರ್ಕಾರದಲ್ಲಿ ಮಂತ್ರಿಯಾಗಿ, ಮೈಸೂರಿನ ಸಂಸದರಾಗಿ, ‘ಹಳ್ಳಿ ಹಕ್ಕಿ’ ಎಂದೇ ಹೆಸರಾದವರು. 2018ರಲ್ಲಿ ಜೆಡಿಎಸ್‌ನಿಂದ ಹುಣಸೂರಿನಲ್ಲಿ ಗೆದ್ದರು. ಮರುವರ್ಷ ರಾಜೀನಾಮೆ ಕೊಟ್ಟರು, ಕಾಂಗ್ರೆಸ್ ಜೊತೆಗಿನ ಮೈತ್ರಿ ಸರ್ಕಾರ ಬಿತ್ತು, ಅನರ್ಹರಾದ ಅವರು ಬಿಜೆಪಿ ಅಭ್ಯರ್ಥಿಯಾಗಿ ಮತ್ತೆ ಅದೇ ಕ್ಷೇತ್ರಕ್ಕೆ ಬಂದರು. ಕೈಯಲ್ಲಿ ಹೊಸ ಜಿಲ್ಲೆಯ ಮಾತು. ಜಿಲ್ಲೆ ಮಾಡುವುದಕ್ಕೆ ವಿಧಾನಸಭೆಯ ಮತ ಬೇಕಿಲ್ಲ, 1964ರ ಭೂಕಂದಾಯ ಕಾಯಿದೆ ಪ್ರಕಾರ ಸರ್ಕಾರದ ಅಧಿಸೂಚನೆ ಸಾಕು. 1997ರಲ್ಲಿ ಜೆ.ಎಚ್. ಪಟೇಲರು ಹಾಗೆ ಏಳು ಜಿಲ್ಲೆ ಮಾಡಿದ್ದರು, ಚಾಮರಾಜನಗರ ಮೈಸೂರಿನಿಂದ ಬೇರೆಯಾದದ್ದು ಆಗಲೇ. ಹೀಗಾಗಿ ಮಾತು ಆಗದ್ದೇನೂ ಆಗಿರಲಿಲ್ಲ.

ಡಿಸೆಂಬರ್ 5ರಂದು ಮತದಾನ. ಕಾಂಗ್ರೆಸ್‌ನ ಎಚ್.ಪಿ. ಮಂಜುನಾಥ್ 39 ಸಾವಿರಕ್ಕೂ ಹೆಚ್ಚು ಮತಗಳಿಂದ ಗೆದ್ದರು. ಪಕ್ಷಾಂತರಕ್ಕೆ ಪಾಠ ಎಂದು ಎಲ್ಲರೂ ಅಂದರು. ಆದರೆ ಅದೇ ದಿನ ರಾಜ್ಯದಲ್ಲಿ ಹಾಗೆ ಪಕ್ಷ ಬಿಟ್ಟು ಬಿಜೆಪಿಯಿಂದ ನಿಂತ ಹದಿಮೂರು ಜನರಲ್ಲಿ ಹನ್ನೊಂದು ಜನ ಗೆದ್ದಿದ್ದರು. ಅವರಲ್ಲಿ ಹೊಸಪೇಟೆಯ ಆನಂದ್ ಸಿಂಗ್ ಒಬ್ಬರು, ಅವರೂ ಬಳ್ಳಾರಿಯಿಂದ ಒಡೆದ ವಿಜಯನಗರ ಜಿಲ್ಲೆ ಬೇಕು ಎಂದು ಪಟ್ಟು ಹಿಡಿದಿದ್ದವರು. ಅವರ ಜಿಲ್ಲೆ 2021ರ ಫೆಬ್ರುವರಿಯಲ್ಲಿ ಅಧಿಸೂಚನೆಯಾಗಿ ರಾಜ್ಯದ 31ನೆಯದಾಯಿತು. ನಮ್ಮ ಅರಸು ಜಿಲ್ಲೆ ಆಗಲಿಲ್ಲ.

ನನಗೆ ಕಾಣುವ ತೊಡಕು ಇದು. ಮತದಾರನ ಕೈಯಲ್ಲಿರುವುದು ಒಂದೇ ಓಟು, ಅದರಲ್ಲೇ ಆಳಿಗೂ ಮಾತಿಗೂ ಉತ್ತರ ಕೊಡಬೇಕು. ಹುಣಸೂರಿನವರು ಆಳಿಗೆ ಉತ್ತರ ಕೊಟ್ಟರು. ಜಿಲ್ಲೆ ಬೇಡವೆಂದು ಅವರೇನೂ ಹೇಳಿರಲಿಲ್ಲ. ಆದರೆ ಸೋತವನ ಜೊತೆ ಅವನ ಮಾತೂ ಸೋತಿತು ಎಂದು ಸರ್ಕಾರಗಳು ಲೆಕ್ಕ ಹಾಕಿಕೊಳ್ಳುತ್ತವೆ, ಗೆದ್ದವನಿಗೆ ಎದುರಾಳಿಯ ಭರವಸೆ ಎತ್ತಿಕೊಳ್ಳುವ ಗರಜಿಲ್ಲ. ಡಿ.ಬಿ. ಕುಪ್ಪೆಯ ದೂರಕ್ಕೆ ವಾರಸುದಾರರೇ ಇಲ್ಲವಾದರು.

ಇನ್ನೊಂದು ತಮಾಷೆ. 2023ರಲ್ಲಿ ಆನಂದ್ ಸಿಂಗ್ ನಿಲ್ಲಲಿಲ್ಲ, ಅವರ ಮಗ ನಿಂತು ಸೋತರು, ಜಿಲ್ಲೆ ಪಡೆದ ಜನರೇ ಸೋಲಿಸಿದರು. ಹುಣಸೂರಿನಲ್ಲಿ ಮಂಜುನಾಥ್ ಅವರೂ ಜೆಡಿಎಸ್‌ನ ಜಿ.ಡಿ. ಹರೀಶ್ ಗೌಡರ ಎದುರು ಸೋತರು.

ಭರವಸೆ ಈಡೇರದಿದ್ದರೆ ಕೋರ್ಟಿಗೆ ಹೋಗಬಹುದಲ್ಲ ಎಂದರೆ, ಪ್ರಣಾಳಿಕೆಯ ಭರವಸೆಗಳು ಚುನಾವಣಾ ಭ್ರಷ್ಟಾಚಾರವಾಗುವುದಿಲ್ಲ ಎಂದು ಸುಪ್ರೀಂ ಕೋರ್ಟ್ 2013ರ ತೀರ್ಪಿನಲ್ಲಿ ಹೇಳಿತು, ಮಾರ್ಗಸೂಚಿ ಮಾಡುವಂತೆ ಚುನಾವಣಾ ಆಯೋಗಕ್ಕೆ ಸೂಚಿಸಿತು. ಮಾತು ತಪ್ಪಿದ ಶಾಸಕನನ್ನು ನಡುವೆ ವಾಪಸು ಕರೆಸುವ ಹಕ್ಕು ನಮಗಿಲ್ಲ. 2023ರಲ್ಲಿ ಕಾಂಗ್ರೆಸ್ ಗ್ಯಾರಂಟಿ ಕಾರ್ಡಿನ ಮೇಲೆ ನಾಯಕರ ಸಹಿ ಹಾಕಿ ಮನೆಮನೆಗೆ ಹಂಚಿತು. ಅದು ಕಾನೂನಿನ ಪತ್ರವಲ್ಲ, ಆದರೂ ಎರಡು ಸಾವಿರ ರೂಪಾಯಿ, ಇನ್ನೂರು ಯೂನಿಟ್ ಎಂದು ಅಂಕಿ ಬರೆದಿದ್ದರಿಂದ ಒಂದು ತಿಂಗಳು ದುಡ್ಡು ತಡವಾದರೂ ಹೆಂಗಸರು ಜಗಲಿಯಲ್ಲೇ ಕೇಳುತ್ತಾರೆ. ಏಳನೇ ನಂಬರ್ ಫಾರಂನ ಗುಣ ಇದರಲ್ಲಿ ಸ್ವಲ್ಪ ಇದೆ.

ಓಟಿನ ಬಲವೇ ಇಲ್ಲದವರು ಏನು ಮಾಡಿದರು?  ನಾಗರಹೊಳೆ ಕಾಡಿನಿಂದ ಹೊರಬಿದ್ದ ಜೇನುಕುರುಬ, ಬೆಟ್ಟಕುರುಬ, ಯರವ ಕುಟುಂಬಗಳು ಹುಣಸೂರು, ಎಚ್.ಡಿ. ಕೋಟೆ, ಪಿರಿಯಾಪಟ್ಟಣದ ಹಾಡಿಗಳಲ್ಲಿ ಚದುರಿ ಹೋದವು, ಯಾವ ಕ್ಷೇತ್ರದ ಫಲಿತಾಂಶವನ್ನೂ ತಿರುಗಿಸುವಷ್ಟು ಸಂಖ್ಯೆ ಅವರದಲ್ಲ. ಅವರ ಪರವಾಗಿ ಹೋರಾಟಗಾರರು ಹೈಕೋರ್ಟಿಗೆ ಹೋದರು. ಕೋರ್ಟು ನೇಮಿಸಿದ, ಮೈಸೂರು ವಿಶ್ವವಿದ್ಯಾನಿಲಯದ ಪ್ರೊಫೆಸರ್ ಮುಜಾಫರ್ ಅಸ್ಸಾದಿ ಅವರ ಸಮಿತಿ 2014ರಲ್ಲಿ ಕೊಟ್ಟ ವರದಿ 3,418 ಕುಟುಂಬಗಳ ಸ್ಥಳಾಂತರವನ್ನು ದಾಖಲಿಸಿ ಪುನರ್ವಸತಿಗೆ ಶಿಫಾರಸು ಮಾಡಿತು. ಆ ವರದಿ ಬಂದ ಮೇಲೆ ಎರಡು ವಿಧಾನಸಭಾ ಚುನಾವಣೆ ಆಗಿ ಹೋದವು. ಹಾಡಿಯವರು ಈಗ ಅಭ್ಯರ್ಥಿ ಬಂದಾಗ ಅದನ್ನೇ ಕೇಳುತ್ತಾರೆ: ಅಸ್ಸಾದಿ ವರದಿ ಯಾವಾಗ ಜಾರಿ?