ಜಿಡಿಪಿ ಓಡ್ತಿದೆ, ಕೆಲಸ ಯಾಕೆ ಹಿಂದೆ ಬಿತ್ತು?

ಇವತ್ತು ನಮ್ಮ ಅಕ್ಕಪಕ್ಕದ ದೇಶಗಳ ಬಗ್ಗೆ ಮಾತಾಡೋಣ. ಶ್ರೀಲಂಕಾ, ಬಾಂಗ್ಲಾದೇಶ, ನೇಪಾಳ. 2022ರಲ್ಲಿ ಒಂದು, 2024ರಲ್ಲಿ ಒಂದು, 2025ರಲ್ಲಿ ಇನ್ನೊಂದು. ಈ ಮೂರೂ ಕಡೆ ಜನ ಬೀದಿಗೆ ಇಳಿದರು, ಅಧಿಕಾರದಲ್ಲಿ ಇದ್ದವರು ಕುರ್ಚಿ ಬಿಟ್ಟು ಹೋಗಬೇಕಾಯ್ತು. ಮುಂದೆ ನಿಂತವರಲ್ಲಿ ಬಹಳಷ್ಟು ಜನ ನಿಮ್ಮ ವಯಸ್ಸಿನವರು.

ಈಗ ವಿಶ್ವಬ್ಯಾಂಕ್ ವರದಿ ತೆಗೆದು ನೋಡಿ. ಜಗತ್ತಿನ ಅಭಿವೃದ್ಧಿಶೀಲ ಪ್ರದೇಶಗಳಲ್ಲಿ ಅತಿ ವೇಗವಾಗಿ ಬೆಳೀತಿರೋದು ದಕ್ಷಿಣ ಏಷ್ಯಾ ಅಂತ ಇರುತ್ತೆ. 2025ರ ಅಕ್ಟೋಬರ್ ವರದಿಯ ಪ್ರಕಾರ ಆ ವರ್ಷದ ಬೆಳವಣಿಗೆ ಶೇ 6.6, 2026ಕ್ಕೆ ಅಂದಾಜು ಶೇ 5.8. ಇಳಿದ ಮೇಲೂ ಚೆನ್ನಾಗಿಯೇ ಕಾಣೋ ಅಂಕಿ. ಹಾಗಾದ್ರೆ ಇಷ್ಟು ಚೆನ್ನಾಗಿ ಬೆಳೀತಿರೋ ಕಡೆ ಹುಡುಗರು ಯಾಕೆ ಇಷ್ಟು ಸಿಟ್ಟಾಗಿದ್ದಾರೆ?

ಮೊದಲು ಆ ಸರಾಸರಿಯ ಗುಟ್ಟು ಹೇಳ್ತೀನಿ. ದಕ್ಷಿಣ ಏಷ್ಯಾದ ಒಟ್ಟು ಜಿಡಿಪಿಯಲ್ಲಿ ಐದರಲ್ಲಿ ಸುಮಾರು ನಾಲ್ಕು ಪಾಲು ಭಾರತದ್ದೇ. ಭಾರತ ಓಡಿದರೆ ಇಡೀ ಪ್ರದೇಶ ಓಡಿದ ಹಾಗೆ ಕಾಣುತ್ತೆ. ಪಾಕಿಸ್ತಾನ ಐಎಂಎಫ್ ಬಾಗಿಲಲ್ಲಿ ನಿಂತಿದ್ದರೂ, ಮಾಲ್ಡೀವ್ಸ್ ಸಾಲದ ಭಾರದಲ್ಲಿ ಬಗ್ಗಿದ್ದರೂ ಆ ಒಂದು ಅಂಕಿಯಲ್ಲಿ ಅದು ಗೊತ್ತೇ ಆಗಲ್ಲ.

ನನಗೆ ಇದಕ್ಕಿಂತ ಮುಖ್ಯ ಅನ್ಸೋದು ಇನ್ನೊಂದು ಲೆಕ್ಕ. ಅದೂ ವಿಶ್ವಬ್ಯಾಂಕಿನದ್ದೇ, 2024ರ ಏಪ್ರಿಲ್‌ನಲ್ಲಿ ಬಂದದ್ದು. 2000ದಿಂದ 2023ರವರೆಗೆ ಈ ಪ್ರದೇಶದಲ್ಲಿ ದುಡಿಯೋ ವಯಸ್ಸಿನ ಜನ ವರ್ಷಕ್ಕೆ ಶೇ 1.9ರಷ್ಟು ಹೆಚ್ಚಾದರು. ಕೆಲಸಗಳು ಹೆಚ್ಚಾಗಿದ್ದು ಶೇ 1.7ರಷ್ಟು. ಬರೀ 0.2 ತಾನೇ ಅನ್ನಬೇಡಿ. ಪ್ರತಿ ಸ್ಟಾಪಿನಲ್ಲೂ ಹತ್ತೋರು ಇಳಿಯೋರಿಗಿಂತ ಸ್ವಲ್ಪ ಜಾಸ್ತಿ ಇದ್ದರೆ ಇಪ್ಪತ್ತು ಸ್ಟಾಪ್ ಆದ ಮೇಲೆ ಬಸ್ಸಿನ ಫುಟ್‌ಬೋರ್ಡ್ ಹೇಗಿರುತ್ತೆ, ಯೋಚನೆ ಮಾಡಿ. ಡಿಗ್ರಿ ಕೈಯಲ್ಲಿ ಹಿಡಿದು ಹತ್ತಲು ಬಂದವರು ಆ ಫುಟ್‌ಬೋರ್ಡಿನಲ್ಲಿ ನೇತಾಡ್ತಿದ್ದಾರೆ.

ಬಾಂಗ್ಲಾದೇಶದ ಕಥೆ ಸ್ವಲ್ಪ ವಿವರವಾಗಿ ಹೇಳ್ಬೇಕು. ಕೋವಿಡ್‌ಗೆ ಮೊದಲಿನ ಹತ್ತು ವರ್ಷ ಆ ದೇಶ ಹೆಚ್ಚುಕಡಿಮೆ ಪ್ರತಿ ವರ್ಷ ಶೇ 6ಕ್ಕಿಂತ ಮೇಲೆ ಬೆಳೆದಿತ್ತು. 2020ರಲ್ಲಿ ಅವರ ತಲಾ ಜಿಡಿಪಿ ನಮ್ಮದನ್ನು ದಾಟುತ್ತೆ ಅಂತ ಐಎಂಎಫ್ ಅಂದಾಜು ಕೊಟ್ಟಾಗ ನಮ್ಮ ಟಿವಿಗಳಲ್ಲಿ ದೊಡ್ಡ ಗಲಾಟೆ ಆಗಿತ್ತು, ನೆನಪಿರಬಹುದು. ಇದೆಲ್ಲ ನಿಂತಿದ್ದು ಒಂದೇ ಕಂಬದ ಮೇಲೆ, ಅದು ಸಿದ್ಧ ಉಡುಪು. ರಫ್ತಿನಲ್ಲಿ ಶೇ 80ಕ್ಕಿಂತ ಹೆಚ್ಚು ಪಾಲು ಅದರದ್ದೇ. ಸುಮಾರು 40 ಲಕ್ಷ ಜನಕ್ಕೆ ಕೆಲಸ, ಅದರಲ್ಲಿ ಹೆಚ್ಚಿನವರು ಹಳ್ಳಿಗಳಿಂದ ಬಂದ ಹೆಣ್ಣುಮಕ್ಕಳು. ಇದು ಸಣ್ಣ ಸಾಧನೆ ಅಲ್ಲ. ಬೆಳಿಗ್ಗೆ ಪೀಣ್ಯದ ಕಡೆ ಹೋಗೋ ಗಾರ್ಮೆಂಟ್ಸ್ ಬಸ್ಸುಗಳನ್ನು ನೋಡಿದವರಿಗೆ ಆ ಸಂಬಳ ಒಂದು ಮನೆಗೆ ಏನು ಮಾಡುತ್ತೆ ಅಂತ ಗೊತ್ತು.

ಆದರೆ ಆ ಹೆಣ್ಣುಮಗಳು ದುಡಿದು ತಮ್ಮನ್ನ ಕಾಲೇಜಿಗೆ ಕಳಿಸಿದಳು ಅಂತಿಟ್ಕೊಳ್ಳಿ. ಅವನು ಬಿಎ ಮಾಡಿದ, ಎಂಎ ಮಾಡಿದ. ಅವನಿಗೆ ತಕ್ಕ ಕೆಲಸ ಎಲ್ಲಿದೆ? ಹೊಲಿಗೆ ಕಾರ್ಖಾನೆ ಬಿಟ್ಟು ಬೇರೆ ಉದ್ಯಮ ಅಷ್ಟಾಗಿ ಬೆಳೆದೇ ಇಲ್ಲ. ಉಳಿದಿದ್ದು ಸರ್ಕಾರಿ ನೌಕರಿ. ಅಲ್ಲಿ ವರ್ಷಕ್ಕೆ ಸುಮಾರು 3 ಸಾವಿರ ಉನ್ನತ ಹುದ್ದೆಗಳಿಗೆ ಸುಮಾರು 4 ಲಕ್ಷ ಪದವೀಧರರು ಪೈಪೋಟಿ ನಡೆಸ್ತಾರೆ. ಧಾರವಾಡದಲ್ಲಿ, ಬೆಂಗಳೂರಿನ ವಿಜಯನಗರದಲ್ಲಿ ಕೋಚಿಂಗ್‌ಗೆ ಕೂತಿರೋರಿಗೆ ಇದನ್ನ ನಾನು ಬಿಡಿಸಿ ಹೇಳ್ಬೇಕಾಗಿಲ್ಲ. ಅಂಥ ಕಡೆ ಶೇ 30ರಷ್ಟು ಹುದ್ದೆ 1971ರ ಯುದ್ಧದಲ್ಲಿ ಹೋರಾಡಿದವರ ಮಕ್ಕಳು ಮೊಮ್ಮಕ್ಕಳಿಗೆ ಅನ್ನೋ ಮೀಸಲಾತಿ ಇತ್ತು. 2018ರಲ್ಲಿ ರದ್ದಾಗಿದ್ದ ಅದಕ್ಕೆ 2024ರ ಜೂನ್‌ನಲ್ಲಿ ಹೈಕೋರ್ಟ್ ಮತ್ತೆ ಜೀವ ಕೊಟ್ಟಿತು. ಜುಲೈನಲ್ಲಿ ಸುಪ್ರೀಂ ಕೋರ್ಟ್ ಅದನ್ನ ಶೇ 5ಕ್ಕೆ ಇಳಿಸಿದರೂ, ಅಷ್ಟರಲ್ಲಿ ಗುಂಡು ಹಾರಿಸಿ ಆಗಿತ್ತು. ಆ ದಿನಗಳಲ್ಲಿ ಸತ್ತವರು 1,400ರವರೆಗೂ ಇರಬಹುದು ಅಂತ ವಿಶ್ವಸಂಸ್ಥೆಯ ಮಾನವ ಹಕ್ಕುಗಳ ಕಚೇರಿ ಅಂದಾಜು ಮಾಡಿದೆ. ಆಗಸ್ಟ್ 5ಕ್ಕೆ ಶೇಖ್ ಹಸೀನಾ ದೇಶ ಬಿಟ್ಟರು.

ಸರ್ವಾಧಿಕಾರ, ಭ್ರಷ್ಟಾಚಾರದ ಸಿಟ್ಟೂ ಅದರಲ್ಲಿ ಸೇರಿತ್ತು, ಇಲ್ಲ ಅನ್ನಲ್ಲ. ಆದರೆ ಕಿಡಿ ಹತ್ತಿದ್ದು ಕೆಲಸದ ವಿಷಯಕ್ಕೆ.

ಈಗ ಅದೇ ಒಂದು ಕಂಬಕ್ಕೂ ಪೆಟ್ಟು ಬೀಳೋ ಹಾಗಿದೆ. ವಿಶ್ವಸಂಸ್ಥೆ ಕೆಲವು ದೇಶಗಳನ್ನ ‘ಅತಿ ಹಿಂದುಳಿದ ದೇಶ’ ಅಂತ ಗುರುತಿಸುತ್ತೆ. ಆ ಪಟ್ಟಿಯಲ್ಲಿದ್ದರೆ ಶ್ರೀಮಂತ ದೇಶಗಳು ಸುಂಕದಲ್ಲಿ ರಿಯಾಯಿತಿ ಕೊಡ್ತವೆ. ಬಾಂಗ್ಲಾದೇಶ, ನೇಪಾಳ ಎರಡೂ ಆ ಪಟ್ಟಿಯಿಂದ ಹೊರಬರೋಕೆ ನಿಗದಿಯಾದ ದಿನ 2026ರ ನವೆಂಬರ್ 24. ಹೆಮ್ಮೆಯ ವಿಷಯವೇ. ಆದರೂ ಢಾಕಾದ ಉದ್ಯಮಿಗಳು ‘ಸ್ವಲ್ಪ ಮುಂದೂಡಿ’ ಅಂತ ಕೇಳ್ತಾ ಬಂದಿದ್ದಾರೆ. ಯಾಕಂದ್ರೆ ಅವರ ಬಟ್ಟೆಗೆ ದೊಡ್ಡ ಮಾರುಕಟ್ಟೆ ಯುರೋಪ್, ಅಲ್ಲಿ ಈಗ ಸುಂಕ ಸೊನ್ನೆ. ಪಟ್ಟಿಯಿಂದ ಹೊರಬಂದ ಮೇಲೆ ಮೂರು ವರ್ಷ ಮಾತ್ರ ಆ ಸವಲತ್ತು ಮುಂದುವರಿಯುತ್ತೆ. ಅಷ್ಟರಲ್ಲಿ ಹೊಸ ಒಪ್ಪಂದ ಆಗದಿದ್ದರೆ ಸುಮಾರು ಶೇ 12 ಸುಂಕ ಬೀಳಬಹುದು. ಎದುರಾಳಿ ವಿಯೆಟ್ನಾಂ 2020ರಲ್ಲೇ ಯುರೋಪಿನ ಜೊತೆ ವ್ಯಾಪಾರ ಒಪ್ಪಂದ ಜಾರಿಗೆ ತಂದು ಕೂತಿದೆ. ಇನ್ನು ಅಮೆರಿಕ 2025ರ ಏಪ್ರಿಲ್‌ನಲ್ಲಿ ಬಾಂಗ್ಲಾಗೆ ಶೇ 37 ಸುಂಕ ಅಂತ ಘೋಷಿಸಿ, ಮಾತುಕತೆ ಆದ ಮೇಲೆ ಶೇ 20ಕ್ಕೆ ಇಳಿಸಿತು. ನಾಲ್ಕು ತಿಂಗಳು ಅಲ್ಲಿನ ಫ್ಯಾಕ್ಟರಿಗಳು ಹೇಗೆ ಆರ್ಡರ್ ಹಿಡಿದಿರಬಹುದು!

ನೇಪಾಳ ಬೇರೆ ದಾರಿ ಹಿಡಿಯಿತು. ಅಲ್ಲಿ ರಫ್ತಾಗೋದು ಬಟ್ಟೆಗಿಂತ ಹೆಚ್ಚಾಗಿ ಮನುಷ್ಯರು. ಕೊಲ್ಲಿ ದೇಶಗಳು, ಮಲೇಷ್ಯಾ, ಭಾರತ. ಹೊರಗೆ ದುಡಿಯೋರು ಮನೆಗೆ ಕಳಿಸೋ ಹಣ ದೇಶದ ಜಿಡಿಪಿಯ ಕಾಲು ಭಾಗದಷ್ಟು! ನಿಮ್ಮ ಅಪಾರ್ಟ್‌ಮೆಂಟಿನ ಸೆಕ್ಯುರಿಟಿ ಅಣ್ಣನೂ, ಮೊಮೊ ಅಂಗಡಿಯ ಹುಡುಗನೂ ಆ ಲೆಕ್ಕದಲ್ಲಿ ಇರಬಹುದು. ಆ ಹಣದಿಂದ ಬಡತನ ನಿಜಕ್ಕೂ ಇಳಿದಿದೆ. ಆದರೆ ಅದರಿಂದ ಮನೆಗೆ ಟಿವಿ, ಬೈಕ್ ಬರುತ್ತೆ, ಅವೂ ಆಮದಾದವು. ಊರಲ್ಲೊಂದು ಕಾರ್ಖಾನೆ ಬರಲ್ಲ. ಸರ್ಕಾರಕ್ಕೂ ಆಮದಿನ ಮೇಲಿನ ತೆರಿಗೆ ಸಿಗ್ತಾ ಇರುತ್ತೆ, ಹಾಗಾಗಿ ಹುಡುಗರು ವಿಮಾನ ಹತ್ತೋದನ್ನ ತಡೆಯೋ ಆತುರ ಯಾರಿಗೂ ಇಲ್ಲ. 2025ರ ಸೆಪ್ಟೆಂಬರ್‌ನಲ್ಲಿ 26 ಸೋಷಿಯಲ್ ಮೀಡಿಯಾ ಆ್ಯಪ್‌ಗಳನ್ನ ನಿಲ್ಲಿಸಿದಾಗ ಎದ್ದ ಗಲಭೆಯಲ್ಲಿ 70ಕ್ಕೂ ಹೆಚ್ಚು ಜನ ಸತ್ತರು. ಅದು ಬರೀ ಇನ್‌ಸ್ಟಾಗ್ರಾಂ ಹೋಯ್ತು ಅನ್ನೋ ಸಿಟ್ಟು ಅಂದ್ಕೊಂಡರೆ ತಪ್ಪು. ಅಪ್ಪ ದೋಹಾದಲ್ಲಿದ್ದಾನೆ, ಅವನ ಮುಖ ನೋಡೋಕೆ ಇರೋದೇ ಆ ಆ್ಯಪ್. ನಮ್ಮ ಕರಾವಳಿಯ ಎಷ್ಟೋ ಮನೆಗಳಲ್ಲೂ ಇದೇ ಕಥೆ ತಾನೇ?

ಶ್ರೀಲಂಕಾದಲ್ಲಿ ಮುಗಿದುಹೋದದ್ದು ಡಾಲರ್. 2019ರ ಕೊನೆಗೆ ತೆರಿಗೆ ಕಡಿತ, ಆಮೇಲೆ ಕೋವಿಡ್‌ನಿಂದ ಪ್ರವಾಸಿಗರು ಬಂದ್, 2021ರಲ್ಲಿ ರಾತ್ರೋರಾತ್ರಿ ರಾಸಾಯನಿಕ ಗೊಬ್ಬರ ನಿಷೇಧ, 2022ರ ಏಪ್ರಿಲ್‌ಗೆ ವಿದೇಶಿ ಸಾಲ ತೀರಿಸೋಕೆ ಆಗಲ್ಲ ಅಂತ ಘೋಷಣೆ. ಆ ಸೆಪ್ಟೆಂಬರ್‌ನಲ್ಲಿ ಹಣದುಬ್ಬರ ಹತ್ತಿರ ಹತ್ತಿರ ಶೇ 70. ಈಗ ಚೇತರಿಸಿದೆ, 2024ರಲ್ಲಿ ಶೇ 5 ಬೆಳವಣಿಗೆ. ಆದರೆ ಆ ಮೂರು ವರ್ಷದಲ್ಲಿ ಬಡತನ ಎರಡು ಪಟ್ಟಾಯ್ತು, ಅದು ಜಿಡಿಪಿ ಏರಿದಷ್ಟು ಬೇಗ ಇಳಿಯೋದಿಲ್ಲ.

‘ಇದೆಲ್ಲ ಅವರ ಕಥೆ, ನಮಗೇನು’ ಅನ್ನಬಹುದು. ಭಾರತದಲ್ಲಿ ದುಡಿಯೋರಲ್ಲಿ ಶೇ 46ರಷ್ಟು ಜನ ಇನ್ನೂ ಕೃಷಿಯಲ್ಲೇ ಇದ್ದಾರೆ, ಜಿಡಿಪಿಯಲ್ಲಿ ಕೃಷಿಯ ಪಾಲು ಮಾತ್ರ ಐದನೇ ಒಂದು ಭಾಗಕ್ಕಿಂತ ಕಡಿಮೆ. ಫುಟ್‌ಬೋರ್ಡಿನಲ್ಲಿ ನಾವೂ ಇದ್ದೀವಿ, ನಮ್ಮ ಬಸ್ಸು ದೊಡ್ಡದು ಅಷ್ಟೇ.

ದಾರಿ ಇಲ್ಲ ಅಂತಲ್ಲ. ಎರಡು ವಿಷಯದಲ್ಲಿ ನನಗೆ ಆಸೆ ಇದೆ. ಒಂದು, ಹೆಣ್ಣುಮಕ್ಕಳು. ದಕ್ಷಿಣ ಏಷ್ಯಾದಲ್ಲಿ ದುಡಿಯೋ ವಯಸ್ಸಿನ ಗಂಡಸರಲ್ಲಿ ಶೇ 77 ಜನ ದುಡಿಮೆಯ ಲೆಕ್ಕದಲ್ಲಿದ್ದಾರೆ, ಹೆಂಗಸರಲ್ಲಿ ಶೇ 32 ಮಾತ್ರ. ಈ ಅಂತರ ಮುಚ್ಚಿದರೆ ಪ್ರದೇಶದ ಜಿಡಿಪಿ ಶೇ 13ರಷ್ಟು ಹೆಚ್ಚಬಹುದು ಅಂತ ವಿಶ್ವಬ್ಯಾಂಕ್ ಲೆಕ್ಕ ಹಾಕಿದೆ. ಸಂಜೆ ಸುರಕ್ಷಿತ ಬಸ್ಸು, ಕೆಲಸದ ಜಾಗದಲ್ಲಿ ಮಗು ಬಿಡೋಕೆ ಒಂದು ಕೋಣೆ. ಇದಕ್ಕೆ ಐಎಂಎಫ್ ಬೇಕಾಗಿಲ್ಲ.

ಇನ್ನೊಂದು, ಅಕ್ಕಪಕ್ಕದ ವ್ಯಾಪಾರ. ಆಗ್ನೇಯ ಏಷ್ಯಾದ ಆಸಿಯಾನ್ ದೇಶಗಳ ಒಟ್ಟು ವ್ಯಾಪಾರದಲ್ಲಿ ಕಾಲು ಭಾಗದಷ್ಟು ತಮ್ಮತಮ್ಮಲ್ಲೇ ನಡೆಯುತ್ತೆ. ನಮ್ಮಲ್ಲಿ ಅದು ಸುಮಾರು ಶೇ 5. ಸಾರ್ಕ್ ಶೃಂಗಸಭೆ ಕೊನೆಯ ಸಲ ನಡೆದದ್ದು 2014ರಲ್ಲಿ, ಕಠ್ಮಂಡುವಿನಲ್ಲಿ. 2025ರಲ್ಲಿ ಏನಾಯ್ತು ನೋಡಿ. ಏಪ್ರಿಲ್‌ನಲ್ಲಿ ಬಾಂಗ್ಲಾದೇಶ ಭಾರತದ ನೂಲು ರಸ್ತೆ ಮೂಲಕ ಬರೋದನ್ನ ನಿಲ್ಲಿಸಿತು. ಮೇ ತಿಂಗಳಲ್ಲಿ ಭಾರತ, ಅವರ ಬಟ್ಟೆ ಕೋಲ್ಕತ್ತ ಮತ್ತು ನಾವಾ ಶೇವಾ ಬಂದರಿನಿಂದ ಮಾತ್ರ ಬರಬೇಕು ಅಂದಿತು. ನಮ್ಮ ಗಿರಣಿಯ ನೂಲು ಗಡಿ ದಾಟೋಕೆ ಹಡಗು ಹತ್ತಬೇಕು. ಆ ನೂಲು ನೇಯೋ ಕೈಯೂ ಅದನ್ನ ಹೊಲಿಯೋ ಕೈಯೂ ದಿನಗೂಲಿಯವರದ್ದು, ರಾಜಕೀಯದ ಬಿಲ್ಲು ಅವರ ಹೆಸರಿಗೆ ಬರ್ತಿದೆ.

ವಿಯೆಟ್ನಾಂ ಹೆಸರು ನಡುವೆ ಬಂತಲ್ಲ, ಮುಂದಿನ ಸಂಚಿಕೆಯಲ್ಲಿ ಅಲ್ಲಿಗೇ ಹೋಗೋಣ. ಬಟ್ಟೆ ಹೊಲಿಯುತ್ತಿದ್ದ ದೇಶ ಮೊಬೈಲ್ ಫೋನ್ ಜೋಡಿಸೋ ದೇಶ ಆಗಿದ್ದು ಹೇಗೆ ಅಂತ ನೋಡೋಣ.