ತಂದೆಯ ಹೆಸರು ಕೇಳುವ ಮುಂಚೆ

(ಎಣ್ಣೆ ಮಿಲ್ಲು, ಜಿನ್ನಿಂಗ್ ಮಿಲ್ಲುಗಳ ಕೆಲಸಗಾರರೂ ಸಣ್ಣ ವ್ಯಾಪಾರಿಗಳೂ ಕೊಟ್ಟೂರಿನಲ್ಲಿ ಕೂಡಿದ್ದ ಸಭೆಯಲ್ಲಿ ಮಾಡಿದ ಭಾಷಣ. ಭಾಷಣಕ್ಕೆ ಮೊದಲು ‘ಉತ್ತರ ಫಾಲ್ಗುಣಿ’ ಎಂಬ ಬಂಗಾಳಿ ಚಿತ್ರವನ್ನು ತೋರಿಸಲಾಗಿತ್ತು.)



ಈಗ ತಾನೆ ನಾವೆಲ್ಲರೂ ಒಟ್ಟಿಗೆ ಕುಳಿತು ಒಂದು ಚಿತ್ರವನ್ನು ನೋಡಿದೆವು. ಭಾಷೆ ನಮ್ಮದಲ್ಲ. ಮಾತು ತಿಳಿಯದ ಕಡೆ ತಿಳಿದವರು ಪಕ್ಕದವರಿಗೆ ಅರ್ಥ ಹೇಳುತ್ತಿದ್ದರು. ಆದರೂ ಕಡೆಯ ಅರ್ಧ ಗಂಟೆ ಯಾರೂ ಬೀಡಿ ಸೇದಲೆಂದು ಎದ್ದು ಹೊರಗೆ ಹೋಗಲಿಲ್ಲ. ಹೆಂಗಸರ ಕಡೆ ಸೆರಗು ಕಣ್ಣಿಗೆ ಹೋದದ್ದನ್ನು ಕಂಡೆವು. ಗಂಡಸರು ಅಳಲಿಲ್ಲವೆಂದು ಹೇಳುವಂತಿಲ್ಲ, ಕತ್ತಲೆಯಿತ್ತು, ಅಷ್ಟೆ.

ಚಿತ್ರದ ಬಗ್ಗೆ ನಾಲ್ಕು ಮಾತು ಹೇಳಬೇಕೆಂದು ಹಿರಿಯರು ನಮಗೆ ಅಪ್ಪಣೆ ಮಾಡಿದ್ದಾರೆ. ಛಾಯಾಗ್ರಹಣ, ಸಂಗೀತ, ನಟನೆಗಳ ವಿಷಯ ಬಲ್ಲವರು ಹೇಳಲಿ. ನಾವು ಹೇಳಹೊರಟಿರುವುದು ಆ ಚಿತ್ರದೊಳಗಿನ ಮನೆಯ ಮಾತು. ಅಂಥ ಮನೆಗಳು ನಮ್ಮ ಕೂಡ್ಲಿಗಿ, ಕೊಟ್ಟೂರು, ಹಗರಿಬೊಮ್ಮನಹಳ್ಳಿ, ಹಡಗಲಿ, ಹರಪನಹಳ್ಳಿ ಸೀಮೆಯಲ್ಲಿಯೂ ಇವೆ ಎಂಬ ಮಾತು.

ಹೊತ್ತಾಗಿ ಬಂದವರಿಗಾಗಿ ಕಥೆಯನ್ನು ಚಿಕ್ಕದಾಗಿ ಹೇಳಿಬಿಡುತ್ತೇವೆ. ಚಿತ್ರ ತೆರೆಕಂಡದ್ದು 1963ರಲ್ಲಿ. ನಿರ್ದೇಶಕರು ಅಸಿತ್ ಸೇನ್. ತಯಾರಿಸಿದವರು ಬಂಗಾಳದ ಹೆಸರಾಂತ ನಟ ಉತ್ತಮ್ ಕುಮಾರ್. ತಾಯಿ, ಮಗಳು ಎರಡು ಪಾತ್ರಗಳನ್ನೂ ಸುಚಿತ್ರಾ ಸೇನ್ ಒಬ್ಬರೇ ಅಭಿನಯಿಸಿದ್ದಾರೆ. ಕಥೆ ನೀಹಾರರಂಜನ ಗುಪ್ತರದು. ಅವರು ಪತ್ತೇದಾರಿ ಕಥೆಗಳಿಂದ ಬಂಗಾಳದಲ್ಲಿ ಮನೆಮಾತಾದವರು. ಆದ್ದರಿಂದಲೇ ಪ್ರೇಮದ ಕಥೆಯಲ್ಲಿ ಗುಟ್ಟೂ ಇದೆ, ಬೆದರಿಕೆಯೂ ಇದೆ, ಕೊಲೆಯೂ ಇದೆ. ಇದೇ ನಿರ್ದೇಶಕರು ಇದೇ ನಟಿಯನ್ನು ಇಟ್ಟುಕೊಂಡು 1966ರಲ್ಲಿ ‘ಮಮತಾ’ ಎಂಬ ಹೆಸರಿನಲ್ಲಿ ಇದನ್ನು ಹಿಂದಿಯಲ್ಲಿ ತೆಗೆದರು. ಹಿರಿಯರಲ್ಲಿ ಕೆಲವರು ಅದನ್ನು ನೋಡಿರಬಹುದು.

ದೇವಯಾನಿ ಎಂಬ ಬಡವರ ಹುಡುಗಿ. ಮನೀಶನೆಂಬ ಓದುವ ಹುಡುಗನಿಗೂ ಅವಳಿಗೂ ಪ್ರೀತಿ. ಅವನು ಕಾನೂನು ಓದಲು ವಿಲಾಯತಿಗೆ ಹೋಗುತ್ತಾನೆ. ಇತ್ತ ಹುಡುಗಿಯ ತಂದೆ ಸಾಲದಲ್ಲಿ ಸಿಕ್ಕಿಕೊಂಡಿದ್ದಾನೆ. ಆ ಸಾಲದ ಬಲದಿಂದ ರಾಖಾಲನೆಂಬ ಕುಡುಕ ಅವಳನ್ನು ಮದುವೆಯಾಗುತ್ತಾನೆ. ಅವನ ಕಾಟ ತಾಳಲಾರದೆ ಅವಳು ಮನೆ ಬಿಟ್ಟು ಹೊರಡುತ್ತಾಳೆ. ಕಡೆಗೆ ಲಖನೌದಲ್ಲಿ ಪನ್ನಾಬಾಯಿ ಎಂಬ ಹೆಸರಿನಿಂದ ಹಾಡಿ ಹೊಟ್ಟೆ ಹೊರೆಯುತ್ತಾಳೆ. ಹುಟ್ಟಿದ ಮಗಳಿಗೆ ಆ ಮನೆಯ ಗಾಳಿ ತಾಕಬಾರದೆಂದು ದೂರವಿಡುತ್ತಾಳೆ. ಮಗಳ ಭಾರವನ್ನು ಮನೀಶ ಹೊರುತ್ತಾನೆ. ಮಗಳು ಓದಿ ವಕೀಲಳಾಗುತ್ತಾಳೆ. ರಾಖಾಲ ಮತ್ತೆ ಬಂದು, ಗುಟ್ಟು ಹೊರಗೆ ಹಾಕುತ್ತೇನೆಂದು ಹೆದರಿಸಿ ಹಣ ಕೀಳತೊಡಗುತ್ತಾನೆ. ಮಗಳ ಬಾಳು ಕೆಡುವುದೆಂಬ ಭಯದಲ್ಲಿ ತಾಯಿ ಅವನನ್ನು ಕೊಲ್ಲುತ್ತಾಳೆ. ನ್ಯಾಯಾಲಯದಲ್ಲಿ ಅವಳ ಪರವಾಗಿ ನಿಲ್ಲುವವಳು ಆ ಮಗಳೇ. ಕಡೆಗೆ ತಾಯಿ ಉಳಿಯುವುದಿಲ್ಲ.

ಇದು ಕಥೆ. ಈಗ ನಾವು ಕೇಳುವ ಮೊದಲ ಪ್ರಶ್ನೆ: ಈ ಮನೆ ಮುರಿದದ್ದು ಎಲ್ಲಿ? ಲಖನೌದಲ್ಲಿಯೆ? ಕೊಲೆ ನಡೆದ ದಿನವೆ? ಅಲ್ಲ. ಮನೆ ಮುರಿದದ್ದು ಸಾಲದ ಕಾಗದದ ಮೇಲೆ ತಂದೆ ರುಜು ಹಾಕಿದ ದಿನ. ಆಮೇಲೆ ನಡೆದದ್ದೆಲ್ಲ ಅದರ ಬಡ್ಡಿ. ಚಿತ್ರವು ರಾಖಾಲನೊಬ್ಬನನ್ನು ದುಷ್ಟನೆಂದು ತೋರಿಸಿ ಕೈ ತೊಳೆದುಕೊಳ್ಳುತ್ತದೆ. ಆದರೆ ಸಾಲಕ್ಕೆ ಮಗಳನ್ನು ಕೊಡುವುದು ಸಾಧ್ಯವಾದ ವ್ಯವಸ್ಥೆ ಯಾವುದು, ಅದನ್ನು ಕಂಡೂ ಸುಮ್ಮನಿದ್ದ ನೆರೆಹೊರೆ ಯಾವುದು ಎಂದು ಕೇಳುವುದಿಲ್ಲ.

ಸಾಲವೆಂದರೇನೆಂದು ಇಲ್ಲಿ ಕುಳಿತವರಿಗೆ ಹೇಳಿಕೊಡಬೇಕಾಗಿಲ್ಲ. ಮಳೆ ತಪ್ಪಿದ ವರ್ಷ ಶೇಂಗಾ ಬಾರದೆ ಮಿಲ್ಲು ನಿಂತಾಗ ಕೆಲಸಗಾರನಿಗೂ ಸಾಲ, ಉದ್ರಿ ವಸೂಲಾಗದ ಅಂಗಡಿಯವನಿಗೂ ಸಾಲ. ಹಿಂದೆ ಸಾಹುಕಾರನು ಸಂತೆಯ ದಿನ ಬರುತ್ತಿದ್ದನು. ಈಗ ವಾರದ ಕಂತಿನವರು ಮನೆ ಬಾಗಿಲಿಗೆ ಬರುತ್ತಾರೆ. ಕಿರುಸಾಲದ ವಸೂಲಿಯ ಕಾಟ ತಡೆಯಲು ನಮ್ಮ ರಾಜ್ಯ ಸರ್ಕಾರವೇ 2025ರಲ್ಲಿ ಸುಗ್ರೀವಾಜ್ಞೆ ತರಬೇಕಾಗಿ ಬಂತು. ಸಾಲ ಮನೆಯೊಳಗೆ ಹೊಕ್ಕರೆ ಮೊದಲು ಹೊರಗೆ ಹೋಗುವುದು ಹೆಣ್ಣುಮಗಳ ಓದು. ಆಮೇಲೆ ಎಳೆಯ ವಯಸ್ಸಿನಲ್ಲೇ ಅವಳ ಮದುವೆ. ನಮ್ಮ ಸೀಮೆಯಲ್ಲಿ ಇದಕ್ಕಿಂತ ಕೆಟ್ಟ ಮೂರನೆಯ ದಾರಿಯೊಂದಿತ್ತು. ಅದನ್ನು ಹೇಳುವ ಮುಂಚೆ ನಮ್ಮದೇ ಭಾಷೆಯ ಇನ್ನೊಂದು ಚಿತ್ರವನ್ನು ನೆನೆಯಬೇಕಾಗಿದೆ.

ಅದು ‘ಗೆಜ್ಜೆಪೂಜೆ’. ಎಂ. ಕೆ. ಇಂದಿರಾ ಅವರ ಕಾದಂಬರಿಯನ್ನು ಪುಟ್ಟಣ್ಣ ಕಣಗಾಲರು 1969ರಲ್ಲಿ ಚಿತ್ರ ಮಾಡಿದರು. ಅದರ ಚಿತ್ರಕಥೆಗಾಗಿ ಅವರಿಗೆ ರಾಷ್ಟ್ರಪ್ರಶಸ್ತಿ ಬಂತು. ಅಲ್ಲಿಯೂ ತಾಯಿ ಮಗಳ ಮನೆ. ತಾಯಿ ಲೀಲಾವತಿ, ಮಗಳು ಕಲ್ಪನಾ. ಅಲ್ಲಿಯೂ ಪ್ರೀತಿ, ಅಲ್ಲಿಯೂ ಗುಟ್ಟು. ಒಂದೇ ವ್ಯತ್ಯಾಸ: ಬಂಗಾಳದ ಮಗಳಿಗೆ ತಾಯಿ ಯಾರೆಂಬುದು ಗುಟ್ಟು, ನಮ್ಮ ಮಗಳ ಕಥೆಯಲ್ಲಿ ತಂದೆಯ ವಿಷಯವೇ ಗುಟ್ಟು. ಓದಿ, ಮದುವೆಯಾಗಿ, ನಾಲ್ಕು ಜನರಂತೆ ಬಾಳಬೇಕೆಂದಿದ್ದ ಹುಡುಗಿಯ ಆಸೆ ಮಣ್ಣಾಗುತ್ತದೆ. ಗೆಜ್ಜೆಪೂಜೆಯ ದಿನವೇ ಅವಳು ಪ್ರಾಣ ಬಿಡುತ್ತಾಳೆ.

ಬಂಗಾಳದಲ್ಲಿ ತಾಯಿ ಸತ್ತಳು, ಕನ್ನಡದಲ್ಲಿ ಮಗಳು ಸತ್ತಳು. ಎರಡೂ ಒಳ್ಳೆಯ ಚಿತ್ರಗಳೇ. ಆದರೆ ಎರಡರಲ್ಲಿಯೂ ಹೆಂಗಸು ಸತ್ತ ಮೇಲೆ ನಮಗೆ ಎಷ್ಟು ಹಗುರವಾಗುತ್ತದೆ, ಗಮನಿಸಿದಿರಾ? ಸತ್ತವಳಿಗಾಗಿ ಮರುಗುವುದು ಸುಲಭ. ಸತ್ತವಳು ಬಾಡಿಗೆಗೆ ಮನೆ ಕೇಳುವುದಿಲ್ಲ. ಕೆಲಸ ಕೇಳುವುದಿಲ್ಲ. ನಮ್ಮ ಮಗನಿಗೆ ಹೆಣ್ಣಾಗಿ ಬರುವುದಿಲ್ಲ. ಬದುಕಿರುವವಳು ಇವೆಲ್ಲವನ್ನೂ ಕೇಳುತ್ತಾಳೆ. ಆಗ ನಮ್ಮ ಕಣ್ಣೀರಿನ ಪರೀಕ್ಷೆಯಾಗುತ್ತದೆ.

ಈಗ ನಮ್ಮ ಸೀಮೆಯ ಮಾತು. ‘ಬಸವಿ ಬಿಡುವುದು’, ‘ಮುತ್ತು ಕಟ್ಟುವುದು’ ಎಂಬ ಮಾತುಗಳನ್ನು ಈ ಐದು ಊರುಗಳ ಕಡೆ ಕೇಳದ ಹಿರಿಯರಿಲ್ಲ. ಬ್ರಿಟಿಷರ ಕಾಲದಲ್ಲಿ ಡಬ್ಲ್ಯು. ಫ್ರಾನ್ಸಿಸ್ ಎಂಬ ಅಧಿಕಾರಿ 1904ರಲ್ಲಿ ಹೊರತಂದ ಬಳ್ಳಾರಿ ಜಿಲ್ಲೆಯ ಗೆಜೆಟಿಯರಿನಲ್ಲಿಯೂ ಬಸವಿಯರ ಪ್ರಸ್ತಾಪವಿದೆ. ಗಂಡುಮಕ್ಕಳಿಲ್ಲದ ಮನೆಯಲ್ಲಿ ಮಗಳನ್ನು ದೇವರ ಹೆಸರಿಗೆ ಬಿಟ್ಟು, ಮಗನಂತೆ ತವರಿನಲ್ಲೇ ಉಳಿಸಿಕೊಳ್ಳುವುದು. ಮುಪ್ಪಿನಲ್ಲಿ ತಂದೆತಾಯಿಗೆ ಅನ್ನ ಹಾಕುವವಳು, ಸತ್ತರೆ ಮಣ್ಣು ಮಾಡುವವಳು ಅವಳೇ. ಹೆಸರು ದೇವರದು, ಲೆಕ್ಕ ಹೊಟ್ಟೆಯದು. ಹೆಚ್ಚಾಗಿ ದಲಿತರ ಕೇರಿಗಳಿಂದ, ಭೂಮಿಯಿಲ್ಲದವರ ಗುಡಿಸಲುಗಳಿಂದಲೇ ಹೆಣ್ಣುಮಕ್ಕಳು ಹೀಗೆ ಹೋದರು. ಉಚ್ಚಂಗೆಮ್ಮನ ಹೆಸರಿಗೆ, ಹುಲಿಗೆಮ್ಮನ ಹೆಸರಿಗೆ, ಎಲ್ಲಮ್ಮನ ಹೆಸರಿಗೆ ಹೋದರು. ದೇವಿಯರು ಕೇಳಿದ್ದರೆ? ಇಲ್ಲ. ಕೇಳಿದ್ದು ಬಡತನ, ಪಡೆದದ್ದು ಊರಿನ ಉಳ್ಳವರು.

ಕಾನೂನು ಇರಲಿಲ್ಲವೆ? ಇತ್ತು. ನಮ್ಮ ಸೀಮೆ ಆಗ ಮದರಾಸಿನ ಆಡಳಿತದಲ್ಲಿತ್ತು. ಅಲ್ಲಿ ಡಾಕ್ಟರ್ ಮುತ್ತುಲಕ್ಷ್ಮಿ ರೆಡ್ಡಿಯವರು ಶಾಸನಸಭೆಯಲ್ಲಿ 1920ರ ದಶಕದಲ್ಲೇ ಈ ಪದ್ಧತಿಯ ವಿರುದ್ಧ ದನಿಯೆತ್ತಿದರು. 1947ರಲ್ಲಿ ಮದರಾಸಿನ ಶಾಸನಸಭೆ ಅದನ್ನು ನಿಷೇಧಿಸಿತು. 1953ರ ಅಕ್ಟೋಬರ್ 1ರಂದು ನಾವು ಮೈಸೂರು ರಾಜ್ಯಕ್ಕೆ ಸೇರಿದೆವು. ಕರ್ನಾಟಕವು 1982ರಲ್ಲಿ ಇನ್ನೊಂದು ಕಾಯಿದೆ ಮಾಡಿತು. 1993-94ರಲ್ಲಿಯೂ 2007-08ರಲ್ಲಿಯೂ ಸರ್ಕಾರ ಸಮೀಕ್ಷೆ ಮಾಡಿಸಿದಾಗ ರಾಜ್ಯದಲ್ಲಿ ಲೆಕ್ಕಕ್ಕೆ ಸಿಕ್ಕ ದೇವದಾಸಿಯರು 46,660 ಮಂದಿ. 2021ರಲ್ಲಿ ನಮ್ಮದು ವಿಜಯನಗರ ಜಿಲ್ಲೆಯಾಯಿತು. ರಾಜ್ಯ ಬದಲಾಯಿತು, ಜಿಲ್ಲೆ ಬದಲಾಯಿತು. ಆ ಮನೆಗಳ ಮಕ್ಕಳಿಗೆ ಕೇಳುವ ಪ್ರಶ್ನೆ ಮಾತ್ರ ಬದಲಾಗಲಿಲ್ಲ.

ಆ ಪ್ರಶ್ನೆ ಯಾವುದೆಂದು ನಿಮಗೆ ಗೊತ್ತು. ‘ತಂದೆಯ ಹೆಸರೇನು?’

ಶಾಲೆಗೆ ಸೇರಿಸುವಾಗ ಕೇಳುತ್ತಾರೆ. ಜಾತಿಯ ಸರ್ಟಿಫಿಕೇಟಿಗೆ ಅರ್ಜಿ ಹಾಕುವಾಗ ಕೇಳುತ್ತಾರೆ. ಬ್ಯಾಂಕಿನಲ್ಲಿ ಕೇಳುತ್ತಾರೆ. ಸಂಬಂಧ ಮಾತಾಡಲು ಕೂತಾಗ ಎಲ್ಲಕ್ಕಿಂತ ಮೊದಲು ಕೇಳುತ್ತಾರೆ. ಇಲ್ಲಿ ಒಂದು ವಿಚಿತ್ರವಿದೆ. ಬಂಗಾಳಿ ಚಿತ್ರದಲ್ಲಿ ಗುಟ್ಟು ಬಯಲಾಗುವುದೆಂದು ಎಲ್ಲರೂ ಎದೆ ಹಿಡಿದು ಕೂರುತ್ತಾರೆ. ನಮ್ಮ ಊರುಗಳಲ್ಲಿ ಆ ಗುಟ್ಟು ಗುಟ್ಟೇ ಅಲ್ಲ. ಮಗುವಿನ ತಂದೆ ಯಾರೆಂದು ಕಟ್ಟೆಯ ಮೇಲೆ ಕೂತವರಿಗೆ ಗೊತ್ತು, ಹೋಟೆಲಿನವನಿಗೆ ಗೊತ್ತು, ಗುಡಿಯ ಪೂಜಾರಿಗೂ ಗೊತ್ತು. ಊರಿಗೆಲ್ಲ ಗೊತ್ತಿರುವುದು ಕಾಗದಕ್ಕೆ ಮಾತ್ರ ಗೊತ್ತಿಲ್ಲ. ಆ ಖಾಲಿ ಜಾಗದ ಅವಮಾನವನ್ನು ತಂದೆ ಹೊರುವುದಿಲ್ಲ; ಮಗು ಹೊರುತ್ತದೆ.

ನಾವು ಕಣ್ಣಾರೆ ಕಂಡದ್ದೊಂದನ್ನು ಹೇಳುತ್ತೇವೆ. ಊರಿನ ಹೆಸರು ಬೇಡ, ಮನುಷ್ಯನ ಹೆಸರೂ ಬೇಡ. ನಮ್ಮ ಹಳೆಯ ಗೆಳೆಯನೊಬ್ಬ ಎಣ್ಣೆ ಮಿಲ್ಲಿನಲ್ಲಿ ಮೂವತ್ತು ವರ್ಷ ಹಮಾಲಿ ಮಾಡಿದವನು. ಸಂಘದ ಕೆಲಸವೆಂದರೆ ಮುಂದೆ ನಿಲ್ಲುವವನು. ‘ಗೆಜ್ಜೆಪೂಜೆ’ಯನ್ನು ಮೂರು ಸಲ ನೋಡಿದ್ದೇನೆಂದು ಹೇಳಿಕೊಳ್ಳುವವನು. ಅವನ ಮಗ ಹೊಲಿಗೆ ಕೆಲಸ ಮಾಡುವ ಹುಡುಗಿಯೊಬ್ಬಳನ್ನು ಮೆಚ್ಚಿಕೊಂಡ. ಹುಡುಗಿ ಜಾಣೆ, ತಾಯಿಯನ್ನು ತಾನೇ ಸಾಕುತ್ತಿದ್ದಳು. ಗೆಳೆಯ ರಾತ್ರಿ ನಮ್ಮ ಮನೆಗೆ ಬಂದ. ಬಹಳ ಹೊತ್ತು ಸುಮ್ಮನೆ ಕೂತು ಆಮೇಲೆ, “ಅಣ್ಣಾರೆ, ಹುಡುಗಿ ಚೊಲೋ ಅದಾಳ. ಆದರ ತಂದಿ ಯಾರು ಅಂತ ಮಂದಿ ಕೇಳಿದ್ರ ನಾ ಏನ್ ಹೇಳ್ಲಿ?” ಎಂದ.

“ಮೂರು ಸಲ ಪಿಕ್ಚರ್ ನೋಡಿ ಅತ್ತೆಯಲ್ಲೋ?” ಎಂದೆವು ನಾವು.

“ಅದು ಪಿಕ್ಚರ್ ಅಲ್ರೀ” ಎಂದ ಅವನು.

ಅವನನ್ನು ಬೈಯುವುದಕ್ಕಾಗಿ ಇದನ್ನು ಹೇಳುತ್ತಿಲ್ಲ. ಅವನು ಕೆಟ್ಟವನಲ್ಲ. ಆ ರಾತ್ರಿ ನಾವೂ ಅವನಿಗೆ ಗಟ್ಟಿಯಾದ ಮಾತು ಹೇಳಲಿಲ್ಲ. “ಯೋಚನೆ ಮಾಡು” ಎಂದು ಹೇಳಿ ಕಳುಹಿಸಿದೆವು. ಯೋಚನೆ ಮಾಡುವುದರೊಳಗಾಗಿ ಹುಡುಗಿ ತಾನೇ ಬೇಡವೆಂದು ಹೇಳಿಕಳುಹಿಸಿದಳು. ಅವನ ತಪ್ಪಿನಲ್ಲಿ ಅರ್ಧ ನಮ್ಮದು. ಇವತ್ತು ಈ ಭಾಷಣ ಮಾಡಲು ಒಪ್ಪಿದ್ದು ಆ ಅರ್ಧದ ಸಲುವಾಗಿ.

ಮಿಲ್ಲಿನ ಮಾಲೀಕನ ಮುಂದೆ ನಾವು ಕೂಲಿ ಕೇಳಲು ನಿಂತಾಗ ಒಂದು ಮಾತು ಹೇಳುತ್ತೇವೆ: “ನಮ್ಮ ದುಡಿಮೆಯನ್ನು ನೋಡಿ, ಹುಟ್ಟನ್ನು ನೋಡಬೇಡಿ.” ಸರಿಯಾದ ಮಾತು. ಅದೇ ಮಾತನ್ನು ಆ ಹುಡುಗಿ ನಮ್ಮ ಬಾಗಿಲಲ್ಲಿ ನಿಂತು ಹೇಳಿದರೆ ನಾವು ಬಾಗಿಲು ಮುಚ್ಚುವುದು ಯಾವ ನ್ಯಾಯ? ಮಾಲೀಕನ ಎದುರಿಗೆ ಒಂದು ತಕ್ಕಡಿ, ಮನೆಯ ಒಳಗೆ ಒಂದು ತಕ್ಕಡಿ ಇಟ್ಟುಕೊಳ್ಳಬಾರದೆಂದು ಇಲ್ಲಿರುವ ವ್ಯಾಪಾರಸ್ಥರಿಗೆ ಚೆನ್ನಾಗಿ ಗೊತ್ತು.

ಕಾನೂನೂ ನಿಧಾನವಾಗಿ ದಾರಿಗೆ ಬರುತ್ತಿದೆ. 1982ರ ಕಾಯಿದೆಯಲ್ಲಿ ಮಗಳನ್ನು ಬಿಟ್ಟ ತಂದೆತಾಯಿಗೆ ಹೆಚ್ಚಿನ ಶಿಕ್ಷೆಯಿತ್ತು. ಅವಳಿಂದ ಮಕ್ಕಳನ್ನು ಪಡೆದ ಉಳ್ಳವನು ಆರಾಮವಾಗಿದ್ದನು. ದೇವದಾಸಿ ತಾಯಂದಿರೂ ಅವರ ಮಕ್ಕಳೂ ವರ್ಷಗಟ್ಟಲೆ ಕೇಳಿದ ಮೇಲೆ, 2025ರಲ್ಲಿ ನಮ್ಮ ಶಾಸನಸಭೆ ಹೊಸ ಮಸೂದೆಯನ್ನು ಒಪ್ಪಿತು. ತಂದೆ ಯಾರೆಂದು ಗುರುತಿಸಿಕೊಳ್ಳುವ ಹಕ್ಕು ಮಕ್ಕಳಿಗಿದೆ ಎಂದು ಅದು ಹೇಳುತ್ತದೆ. ಅರ್ಜಿಗಳಲ್ಲಿ ತಂದೆಯ ಹೆಸರು ಬರೆಯಲೇಬೇಕೆಂಬ ಬಲವಂತವನ್ನೂ ತೆಗೆಯುತ್ತದೆ. ಈಗ ಪ್ರಶ್ನೆ ತಿರುಗಿತು. ಇಷ್ಟು ದಿನ ಮಗುವನ್ನು “ನಿನ್ನ ತಂದೆ ಯಾರು?” ಎಂದು ಕೇಳುತ್ತಿದ್ದೆವು. ಇನ್ನು ಮುಂದೆ ದೊಡ್ಡ ಮನೆಯ ಯಜಮಾನನನ್ನು “ನಿನ್ನ ಮಕ್ಕಳೆಷ್ಟು?” ಎಂದು ಕೇಳಬಹುದು.

ಆದರೆ ಕಾಯಿದೆಯ ಪುಸ್ತಕ ತಾನಾಗಿ ನಡೆದು ಕೇರಿಗೆ ಬರುವುದಿಲ್ಲ. ತರುವವರು ಬೇಕು. ಆದ್ದರಿಂದ ನಾವು ಮೂರು ಮಾತು ಕೇಳಿಕೊಳ್ಳುತ್ತೇವೆ.

ಒಂದು: ಶಾಲೆಯಲ್ಲಾಗಲಿ ಕಚೇರಿಯಲ್ಲಾಗಲಿ ತಂದೆಯ ಹೆಸರಿಲ್ಲವೆಂದು ಯಾವ ಮಗುವನ್ನಾದರೂ ಹಿಂದಕ್ಕೆ ಕಳುಹಿಸಿದರೆ, ಆ ತಾಯಿಯನ್ನು ಒಂಟಿಯಾಗಿ ಬಿಡಬೇಡಿ. ಸಂಘದ ನಾಲ್ವರು ಅವಳ ಜೊತೆ ಹೋಗಿ ಮೇಜಿನ ಮುಂದೆ ನಿಲ್ಲಿ. ಎರಡು: ಎಲ್ಲಿಯಾದರೂ ಎಳೆಯ ಹುಡುಗಿಗೆ ಗುಟ್ಟಾಗಿ ಮುತ್ತು ಕಟ್ಟುವ ಸುದ್ದಿ ಕಿವಿಗೆ ಬಿದ್ದರೆ, ನಮಗೇಕೆ ಬಿಡು ಎನ್ನಬೇಡಿ. 1098 ಎಂಬ ಮಕ್ಕಳ ಸಹಾಯವಾಣಿಗೆ ಫೋನು ಮಾಡಿ. ಅದಕ್ಕಿಂತ ಮುಂಚೆಯೇ ಆ ಮನೆಗೆ ಸಾಲ ಎಷ್ಟಿದೆ, ಅಕ್ಕಿ ಇದೆಯೇ ಎಂದು ಕೇಳಿ. ಮೂರು: ಅಂಗಡಿಯಲ್ಲಿ, ಮಿಲ್ಲಿನಲ್ಲಿ, ಬಾಡಿಗೆಯ ಮನೆಯಲ್ಲಿ, ಮದುವೆಯ ಮಾತಿನಲ್ಲಿ ಹುಡುಗಿಯ ಗುಣ ಕೇಳಿ, ಓದು ಕೇಳಿ, ಕೆಲಸ ಕೇಳಿ. ಆ ಒಂದು ಪ್ರಶ್ನೆಯನ್ನು ನುಂಗಿಕೊಳ್ಳಿ.

ಆಗಲೇ ಮುತ್ತುಲಕ್ಷ್ಮಿ ರೆಡ್ಡಿಯವರ ಹೆಸರು ಹೇಳಿದೆವು. ಅವರ ತಾಯಿ ಚಂದ್ರಮ್ಮಾಳ್ ದೇವದಾಸಿ ಮನೆತನದವರು. ಆ ಮನೆಯ ಮಗಳು ವೈದ್ಯೆಯಾದರು, ಮದರಾಸಿನ ಶಾಸನಸಭೆಯ ಉಪಾಧ್ಯಕ್ಷರಾದರು, ಅಡ್ಯಾರಿನ ಕ್ಯಾನ್ಸರ್ ಆಸ್ಪತ್ರೆಯನ್ನು ಕಟ್ಟಿದರು. ಅವರ ಬಾಳನ್ನು ಚಿತ್ರ ಮಾಡಿದರೆ ಕಡೆಯಲ್ಲಿ ಯಾರೂ ವಿಷ ಕುಡಿಯಬೇಕಾಗಿಲ್ಲ, ಯಾರನ್ನೂ ಕೊಲ್ಲಬೇಕಾಗಿಲ್ಲ. ಅಂಥ ಮಗಳು ಕೂಡ್ಲಿಗಿಯ ಯಾವುದೋ ಹಟ್ಟಿಯಲ್ಲಿ, ಹಡಗಲಿಯ ಮಲ್ಲಿಗೆ ಹೂ ಬಿಡಿಸುವವರ ಮನೆಯಲ್ಲಿ, ಹರಪನಹಳ್ಳಿಯ ಯಾವುದೋ ಕೇರಿಯಲ್ಲಿ ಈಗಲೂ ಇದ್ದಾಳು. ನಾಳೆ ಬೆಳಿಗ್ಗೆ ಅವಳು ಅರ್ಜಿ ಹಿಡಿದುಕೊಂಡು ನಮ್ಮಲ್ಲೇ ಯಾರದೋ ಮುಂದೆ ಬಂದು ನಿಂತಾಳು.

ಆಗ ಅವಳ ಕೈಯಲ್ಲಿರುವ ಅರ್ಜಿಯನ್ನು ತೆಗೆದುಕೊಳ್ಳಿ. ಕೂರಲು ಹೇಳಿ. ಅವಳ ಹೆಸರು ಕೇಳಿ. ಅಷ್ಟು ಸಾಕು.